ಹಾಡು ಲಂಡನ್ನಿಗೆ ಹೋಯ್ತು, ಊರಾಗ ಯಾರು ಹಾಡ್ತೀರಿ?

ಈಗ ಎಲ್ಲಿ ಹೋದರೂ ಒಂದೇ ಪದ್ಧತಿ ಬಿದ್ದದ. ಜಾತ್ರೆಯಾಗ, ಗಣಪತಿ ಪೆಂಡಾಲಿನಾಗ, ಶಾಲೆಯ ವಾರ್ಷಿಕೋತ್ಸವದಾಗ ಮೈಕ್ ಹಿಡಿದವರು ಹಾಡುವವನ ಪರಿಚಯ ಮಾಡುವಾಗ, 'ಇವರು ಇಂಥಿಂಥಾ ದೇಶಕ್ಕೆ ಹೋಗಿ ಬಂದವರು' ಅಂತ ಮೊದಲು ಹೇಳ್ತಾರ. ಹೋಗಿ ಬಂದವನಿಗೆ ಶಾಲು, ಹಾರ, ಮುಂದಿನ ಕುರ್ಚಿ. ಹೋಗದವನಿಗೆ, 'ಅಜ್ಜಾ, ಜರಾ ಲಗೂ ಮುಗಸ್ರಿ, ಹುಡುಗೂರ ಡ್ಯಾನ್ಸ್ ಅದ.' ಹಾಡಿದ ಪದ ಯಾವುದು, ಕಟ್ಟಿದವರು ಯಾರು, ಅದರ ಒಳಗಿನ ಮಾತು ಏನು ಅಂತ ಕೇಳುವವರು ಇಲ್ಲ. ಪಾಸ್‌ಪೋರ್ಟ್ ಮ್ಯಾಲ ಎಷ್ಟು ಮುದ್ರೆ ಬಿದ್ದಾವ ಅಂತ ಕೇಳುವವರು ಮಾತ್ರ ಬಹಳ. ಈ ಚಾಳಿಯ ಮೇಲೆ ನನಗೆ ಸಿಟ್ಟು ಅದ. ವಾಚನಾಲಯದ ಹುಡುಗರು 'ನೀವೂ ಏನಾದರೂ ಬರೀರಿ' ಅಂದರು. ಸಿಟ್ಟನ್ನೇ ಬರೆದುಕೊಡ್ತೀನಿ.

ಹೊಟ್ಟೆಕಿಚ್ಚಿನಿಂದ ಬರೀತಾನ ಮುದುಕ ಅಂತ ಅನ್ನೋರು ಅನ್ಲಿ. ನಾನು ಏಳನೇತ್ತೆ ತನಕ ಕಲಿತವ. ನಾರಾಯಣಖೇಡ ಸೀಮೆಯಾಗ ತೊಗರಿ, ಜೋಳ ಬೆಳೀತೀನಿ. ನಲವತ್ತು ವರ್ಷದಿಂದ ಭಜನಿ ಮೇಳದಾಗ ಏಕತಾರಿ ಹಿಡಿದೀನಿ, ಆಗೊಂದು ಈಗೊಂದು ಪದ ಕಟ್ಟೀನಿ. ವಿಮಾನ ಹತ್ತಿಲ್ಲ. ಹತ್ತಬೇಕು ಅನ್ನೋ ಹಂಬಲವೂ ಇಲ್ಲ. ತೊಗರಿಗೆ ಕಾಯಿಕೊರಕ ಬಿದ್ದ ಹೊತ್ತಿನಾಗ ಊರು ಬಿಟ್ಟು ಎಲ್ಲಿ ಹೋಗಲಿ? ಹೋದವರ ಮೇಲೆ ನನಗೆ ಮುನಿಸಿಲ್ಲ. ನನ್ನ ಜಗಳ ಇರೋದು ಇಲ್ಲೇ ಕೂತು ಫೋನಿನಾಗ ನೋಡಿ ಚಪ್ಪಾಳೆ ಹೊಡೆಯುವ ನಮ್ಮ ಮಂದಿಯ ಜೊತೆಗೆ.

ಹೋದವರ ಮಾತೇ ಮೊದಲು ಹೇಳ್ತೀನಿ. ರಘು ದೀಕ್ಷಿತ್ ಅಂತ ಒಬ್ಬರು ಹಾಡುಗಾರರು ಅದಾರ. ನಮ್ಮೂರ ಹುಡುಗರ ಫೋನಿನಾಗೂ ಅವರು ಸಿಗ್ತಾರ. ಮೈಸೂರಿನಾಗ ಬೆಳೆದವರು, ಸೂಕ್ಷ್ಮಜೀವಿಗಳ ಶಾಸ್ತ್ರ ಓದಿದವರು, ಭರತನಾಟ್ಯ ಕಲಿತವರು. ತಾವೇ ಹಾಡು ಕಟ್ತಾರ, ತಾವೇ ಗಿಟಾರು ಹಿಡಿದು ಹಾಡ್ತಾರ. ಅವರ ಜೊತಿಗೆ ಒಂದು ಮೇಳ ಅದ. ಬಣ್ಣದ ಲುಂಗಿ ಉಟ್ಟು, ಕಾಲಿಗೆ ಗೆಜ್ಜೆ ಕಟ್ಟಿ ನಿಲ್ತಾರ. ತಾವು ಕಟ್ಟಿದ್ದರ ಜೊತಿಗೆ ಶಿಶುನಾಳ ಶರೀಫ ಸಾಹೇಬರ ಪದಗಳನ್ನೂ ಹಾಡ್ತಾರ. 2010ರಾಗ ಲಂಡನ್ನಿನ ಬಿಬಿಸಿ ಟಿವಿಯಾಗ ಜೂಲ್ಸ್ ಹಾಲೆಂಡ್ ನಡೆಸುವ ಕಾರ್ಯಕ್ರಮದಾಗ ಹಾಡಿದರು. 2011ರಾಗ ಗ್ಲಾಸ್ಟನ್‌ಬರಿ ಅನ್ನೋ ದೊಡ್ಡ ಸಂಗೀತದ ಜಾತ್ರೆಯಾಗ ಹಾಡಿದರು. ಅದೇ ವರ್ಷ ಅಲ್ಲಿಯ 'ಸಾಂಗ್‌ಲೈನ್ಸ್' ಪತ್ರಿಕೆಯವರು ಹೊಸಬರಿಗೆ ಕೊಡುವ ಬಹುಮಾನವನ್ನು ಅವರಿಗೆ ಕೊಟ್ಟರು. ಕನ್ನಡ ಅಂದರೆ ಏನಂತ ಗೊತ್ತಿಲ್ಲದ ಮಂದಿಯ ಮುಂದೆ ಗುಡಗುಡಿ ಪದ ಹಾಡಿ ಬಂದರು.

ಇದು ಸಣ್ಣ ಕೆಲಸ ಅಲ್ಲ, ನಾನು ಸಣ್ಣದು ಅಂತ ಅನ್ನೋದೂ ಇಲ್ಲ. 'ಗಿಟಾರು ಹಾಕಿ ತತ್ವಪದ ಕೆಡಸಿದ' ಅಂತ ನಮ್ಮ ಮೇಳದ ಕೆಲವು ಹಿರಿಯರು ಗೊಣಗ್ತಾರ. ಅವರ ಮಾತು ನಾನು ಒಪ್ಪೋದಿಲ್ಲ. ನಮ್ಮ ಭಜನಿಗೆ ಪೇಟಿ ಬಂದದ್ದು ಎಲ್ಲಿಂದ? ಹಾರ್ಮೋನಿಯಂ ಅನ್ನೋದು ಯುರೋಪಿನಿಂದ ಹಡಗು ಹತ್ತಿ ಬಂದದ್ದು. ಶರೀಫರು ಪೇಟಿಯ ಮ್ಯಾಲ ಪದ ಕಟ್ಟಲಿಲ್ಲ. ಇವತ್ತು ಪೇಟಿ ಇಲ್ಲದೆ ನಮಗೆ ಭಜನಿಯೇ ಇಲ್ಲ. ಹಂಗಾದರೆ ಗಿಟಾರಿಗೆ ಯಾಕೆ ಬೈಯೋದು? ಕನ್ನಡ ಮಾತಾಡಲಿಕ್ಕೆ ನಾಚುತ್ತಿದ್ದ ಹುಡುಗ ಆ ಗಿಟಾರಿನ ಸಲುವಾಗಿ ಶರೀಫರ ಪದ ಬಾಯಿಪಾಠ ಮಾಡಿದರೆ ನನಗೆ ಸಂತೋಷವೇ.

ನನ್ನ ಪ್ರಶ್ನೆ ಬೇರೆ ಅದ. ಶರೀಫರು ಹುಟ್ಟಿದ್ದು 1819ರಾಗ, ತೀರಿಕೊಂಡದ್ದು 1889ರಾಗ. ಶಿಗ್ಗಾವಿ ಸೀಮೆಯ ಒಂದು ಸಣ್ಣ ಹಳ್ಳಿಯವರು. ಅವರ ಪದ ಸಿ. ಅಶ್ವಥ್ ಅವರ ದನಿಯಾಗ ಕ್ಯಾಸೆಟ್ ಆಗಿ ಮನಿಮನಿಗೆ ಬಂದದ್ದು ನಾನು ಪ್ರಾಯದವನಿದ್ದಾಗ. ನಾಗಾಭರಣ ಅವರ ಸಿನಿಮಾ ಬಂದದ್ದು 1990ರಾಗ. ಲೆಕ್ಕ ಹಾಕ್ರಿ. ಶರೀಫರು ಕಣ್ಣು ಮುಚ್ಚಿದ ಮೇಲೆ ಕ್ಯಾಸೆಟ್ ಬರೋತನಕ ಹೆಚ್ಚೂಕಡಿಮೆ 90 ವರ್ಷ ಆಗ್ತದ. ಆ 90 ವರ್ಷ ಆ ಪದಗಳನ್ನು ಯಾರು ಕಾಯ್ದರು? ಯಾವ ಸಭಾಂಗಣ? ಯಾವ ಸರಕಾರ? ಹಗಲೆಲ್ಲ ಗಳೆ ಹೊಡೆದು, ರಾತ್ರಿ ಕಂದೀಲು ಹಚ್ಚಿ, ಗುಡಿಯ ಕಟ್ಟೆಯ ಮ್ಯಾಲ, ಮಠದ ಪಡಸಾಲೆಯಾಗ, ದರ್ಗಾದ ಮುಂದೆ ಕೂತು ಹಾಡಿದ ಭಜನಿ ಮಂದಿ ಕಾಯ್ದರು. ಅಪ್ಪನ ಬಾಯಿಂದ ಮಗ ಕಲಿತ, ಒಕ್ಕಲಿಗನಿಂದ ಕುಂಬಾರ ಕಲಿತ, ಲಿಂಗಾಯತರಿಂದ ಮುಸಲ್ಮಾನರು, ಮುಸಲ್ಮಾನರಿಂದ ಲಿಂಗಾಯತರು ಕಲಿತರು. ಯಾರಿಗೂ ಒಂದು ಪೈಸೆ ಸಿಗಲಿಲ್ಲ. ಯಾರ ಹೆಸರೂ ಯಾವ ಹಾಳಿಯ ಮ್ಯಾಲೂ ಇಲ್ಲ. ಲಂಡನ್ನಿಗೆ ಹೋದ ಪದಕ್ಕೆ ಟಿಕೆಟ್ ತೆಗೆದವರು ಆ ಮಂದಿ.

ನಮ್ಮ ಕಡಕೋಳದ ಮಡಿವಾಳಪ್ಪನೋರ ಪದ, ಅವರ ಶಿಷ್ಯ ಚನ್ನೂರ ಜಲಾಲ ಸಾಹೇಬರ ಪದ ಬೀದರ, ಕಲಬುರಗಿಯಿಂದ ನಮ್ಮ ತಾಂಡೂರು, ಜಹೀರಾಬಾದ್ ತನಕ ಹರಿದು ಬಂದದ್ದೂ ಹಿಂಗೇ. ಈಗ ಹೇಳ್ರಿ, ಇನ್ನು 90 ವರ್ಷ ಬಿಟ್ಟು ಯಾವನೋ ಜಾಣ ಹುಡುಗ ಗಿಟಾರೋ ಮತ್ತೊಂದೋ ಹಿಡಿದು ಹೊರದೇಶಕ್ಕೆ ಹೊಂಟು ನಿಂತರೆ, ಅವನ ಕೈಗೆ ಕೊಡಲಿಕ್ಕೆ ನಮ್ಮೂರಾಗ ಏನು ಉಳಿದಿರ್ತದ?

ನನ್ನ ಕಣ್ಣ ಮುಂದೆ ಹೋದದ್ದರ ಲೆಕ್ಕ ಕೊಡ್ತೀನಿ. ಕಣದಾಗ ಮೇಟಿ ಹುಗಿದು, ಹಂತಿ ಕಟ್ಟಿ, ಎತ್ತು ತಿರುಗಿಸ್ತಾ ರಾತ್ರಿಯೆಲ್ಲ ಹಾಡುತ್ತಿದ್ದ ಹಂತಿ ಪದ ಹೋಯ್ತು. ಮಷೀನು ಬಂತು, ಒಂದು ತಾಸಿನಾಗ ರಾಶಿ ಆಗ್ತದ, ಪದ ಹಾಡಲಿಕ್ಕೆ ಹೊತ್ತು ಎಲ್ಲಿ? ಮಷೀನಿಗೆ ನಾನು ಬೈಯೋದಿಲ್ಲ. ಎತ್ತಿನ ಹಿಂದೆ ತಿರುಗಿ ನನ್ನ ಮೊಣಕಾಲು ಸವೆದಾವ. ಬೀಸುವ ಕಲ್ಲಿನ ಪದ ಗಿರಣಿ ಬಂದಾಗ ಹೋಯ್ತು. ಬುಲಾಯಿ ಪದ ಹಾಡುವ ಹೆಣ್ಣುಮಕ್ಕಳು ಪ್ರತಿ ಊರಾಗ ನಾಲ್ಕು ಮುದುಕೇರು ಉಳಿದಾರ. ಮೊಹರಂ ರಿವಾಯತ್ ಪದಕ್ಕೆ ಎರಡು ಮೇಳ ಎದುರುಬದುರು ನಿಂತು ಸವಾಲು ಹಾಕ್ತಿದ್ದರು, ಜವಾಬು ಕೊಡ್ತಿದ್ದರು. ಈಗ ಒಂದು ಮೇಳ ಕೂಡಿಸಲಿಕ್ಕೆ ಮೂರು ಊರು ತಿರುಗಬೇಕು. ಕೆಲಸ ಹೋದಾಗ ಕೆಲಸದ ಪದ ಹೋಗೋದು ಸಹಜ. ಭಜನಿಗೆ ಏನು ಧಾಡಿ ಆಗಿತ್ತು? ಅದಕ್ಕೆ ಎತ್ತೂ ಬೇಡ, ಕಲ್ಲೂ ಬೇಡ. ಐದು ಮಂದಿ, ಒಂದು ಏಕತಾರಿ, ದಮ್ಮಡಿ, ತಾಳ, ಒಂದು ಕಟ್ಟೆ. ಅಷ್ಟೂ ನಮ್ಮ ಹತ್ತಿರ ಅದ. ಕೂಡುವ ಮಂದಿ ಇಲ್ಲ. ಗಣಪತಿಗೆ ಡಿಜೆ ತರಲಿಕ್ಕೆ ಮನಿಗೆ 500 ರೂಪಾಯಿ ಪಟ್ಟಿ ಹಾಕಿದರೆ ಯಾರೂ ಚಕಾರ ಎತ್ತೋದಿಲ್ಲ. ದಮ್ಮಡಿಗೆ ಚರ್ಮ ಹಾಕಿಸಲಿಕ್ಕೆ 20 ರೂಪಾಯಿ ಕೇಳಿದರೆ 'ನಾಳೆ ಬಾ' ಅಂತಾರ. ಅದೇ ಮಂದಿ ರಾತ್ರಿ ಹಾಸಿಗೆ ಮ್ಯಾಲ ಮಲಕೊಂಡು, 'ನೋಡ್ರಪ್ಪಾ, ನಮ್ಮ ಶರೀಫಜ್ಜನ ಪದ ಲಂಡನ್ನಿನಾಗ' ಅಂತ ವಾಟ್ಸಾಪಿನಾಗ ಕಳಿಸ್ತಾರ. ಇವರಿಗೆ ಏನನ್ನಬೇಕು?

ಆ ಗ್ಲಾಸ್ಟನ್‌ಬರಿ ಜಾತ್ರೆಯ ಸಂಗತಿ ಗೊತ್ತಾದ ಮೇಲಂತೂ ನನಗೆ ತಡಕೊಳ್ಳಲಿಕ್ಕೆ ಆಗಲಿಲ್ಲ. ಅದೇನೋ ಅರಮನೆ ಇರಬೇಕು, ಗಾಜಿನ ಮಹಲು ಇರಬೇಕು ಅಂತ ನಾನು ತಿಳಿದಿದ್ದೆ. ಅದು ನಡೆಯೋದು ಒಬ್ಬ ರೈತನ ಹೊಲದಾಗ! ಇಂಗ್ಲೆಂಡಿನ ಸಾಮರ್‌ಸೆಟ್ ಅನ್ನೋ ಸೀಮೆಯಾಗ ಪಿಲ್ಟನ್ ಅಂತ ಹಳ್ಳಿ. ಅಲ್ಲಿ ಮೈಕಲ್ ಈವಿಸ್ ಅಂತ ಹೈನ ಸಾಕುವ ಒಕ್ಕಲಿಗ. 1970ರಾಗ ತನ್ನ ಹೊಲದಾಗ ಹಾಡುವವರನ್ನು ಕರೆದು ಜಾತ್ರೆ ಶುರು ಮಾಡಿದ. ಟಿಕೆಟು ಒಂದು ಪೌಂಡು, ಬಂದವರಿಗೆ ತನ್ನ ಹಸುಗಳ ಹಾಲು ಪುಕ್ಕಟೆ. ಇವತ್ತು ಅಲ್ಲಿಗೆ ಲಕ್ಷಗಟ್ಟಲೆ ಮಂದಿ ಬರ್ತಾರ. ಆದರೂ ಐದಾರು ವರ್ಷಕ್ಕೊಮ್ಮೆ ಜಾತ್ರೆ ನಿಲ್ಲಿಸಿ ಹೊಲಕ್ಕೆ ಬಿಡುವು ಕೊಡ್ತಾರ. ಹುಲ್ಲು ಮತ್ತೆ ಚಿಗಿಯಬೇಕು, ದನ ಮೇಯಬೇಕು. ನಾವು ಒಂದು ಬೆಳೆ ತೆಗೆದು ಭೂಮಿ ಬೀಳು ಬಿಟ್ಟ ಹಂಗ.

ನಾವು ಬಾಯಿ ತೆರೆದು ನೋಡುವ ಫಾರಿನ್ ಸ್ಟೇಜು ನಮ್ಮಂಥ ಒಬ್ಬ ರೈತ ತನ್ನ ಊರಾಗ, ತನ್ನ ಮಣ್ಣಿನಾಗ ಕಟ್ಟಿದ್ದು. ಅವನು ಹಾಡು ಕೇಳಲಿಕ್ಕೆ ಪರದೇಶಕ್ಕೆ ಹೋಗಲಿಲ್ಲ. ಹೊಲಕ್ಕೇ ಕರೆಸಿದ. ನಮಗೂ ಹೊಲ ಅದ. ಎಳ್ಳಮಾಸಿ ದಿನ ಇಡೀ ಸೀಮೆ ಹೊಲದಾಗ ಇರ್ತದ. ಬಜ್ಜಿ, ರೊಟ್ಟಿ, ಅಂಬಲಿ ಕಟಗೊಂಡು, ಚರಗ ಚೆಲ್ಲಿ, ಬಂಧು ಬಳಗ ಕೂಡಿ ಉಣ್ತೀವಿ. ಉಂಡ ಮೇಲೆ ಏನು ಮಾಡ್ತೀವಿ? ಮುಂಚೆ ಹಾಡ್ತಿದ್ದೆವು. ಈಗ ಗಿಡದ ನೆರಳಿಗೆ ಕೂತು ಎಲ್ಲರೂ ತಲೆ ಬಗ್ಗಿಸಿ ಫೋನು ನೋಡ್ತೀವಿ.

ಇನ್ನು ನಮ್ಮ ಗಡಿಭಾಗದ ಗೋಳು. ನಾವು ಕಾಲು ಕದಲಿಸದೆ ಪರದೇಶ ಕಂಡ ಮಂದಿ. ನಮ್ಮ ಅಪ್ಪನ ಕಾಲಕ್ಕೆ ಜಹೀರಾಬಾದ್, ನಾರಾಯಣಖೇಡ ಬೀದರ ಜಿಲ್ಲೆಯಾಗ ಇದ್ದವು, ತಾಂಡೂರು ಕಲಬುರಗಿ ಜಿಲ್ಲೆಯಾಗ ಇತ್ತು. ಎಲ್ಲಾ ಹೈದರಾಬಾದ್ ರಾಜ್ಯ. 1956ರ ನವೆಂಬರ್ 1ಕ್ಕೆ ಗೆರೆ ಎಳೆದರು, ನಾವು ಆಂಧ್ರದವರಾದೆವು. 2014ರ ಜೂನ್ 2ಕ್ಕೆ ತೆಲಂಗಾಣದವರಾದೆವು. 2016ರಾಗ ಜಿಲ್ಲೆ ಒಡೆದರು, ಸಂಗಾರೆಡ್ಡಿ, ವಿಕಾರಾಬಾದ್ ಆದವು. ಗುಡಿ ಅಲ್ಲೇ ಅದ, ಬಾವಿ ಅಲ್ಲೇ ಅದ, ನಾವೂ ಅಲ್ಲೇ ಅದೀವಿ. ನಮ್ಮ ಒಂದು ರಾತ್ರಿಯ ಭಜನಿಯಾಗ ಕನ್ನಡದ ತತ್ವಪದ, ತೆಲುಗಿನ ತತ್ವಾಲು, ಮರಾಠಿ ಅಭಂಗ, ಹಿಂದುಸ್ತಾನಿ ಮಾತಿನ ಪದ ಎಲ್ಲಾ ಬರ್ತಾವ. ಝರಾಸಂಗಮದ ಕೇತಕಿ ಸಂಗಮೇಶ್ವರನ ಗುಡಿಯ ಮುಂದೆ ಹೋಗಿ ನಿಂತು ಕೇಳ್ರಿ, ಎಷ್ಟು ಭಾಷೆಯಾಗ ಮಂದಿ ದೇವರನ್ನು ಕರೀತಾರ ಅಂತ.

ಆದರೆ ಕಲಾವಿದರ ಪಟ್ಟಿ ಮಾಡುವ ದಫ್ತರಗಳಿಗೆ ಇದು ತಿಳಿಯೋದಿಲ್ಲ. ನಮ್ಮ ಮೇಳದ ಒಬ್ಬ ಹಿರಿಯರ ಕಾಗದ ತಗೊಂಡು ನಾನು ಗಡಿಯ ಎರಡೂ ಕಡೆ ತಿರುಗೀನಿ. ಒಂದು ದಫ್ತರದಾಗ, 'ಇವರು ಹಾಡೋದು ಕನ್ನಡ ಅಲ್ಲಾ, ಆ ಕಡೆ ಕೇಳ್ರಿ' ಅಂದರು. ಇನ್ನೊಂದು ದಫ್ತರದಾಗ ಆಧಾರ್ ಕಾರ್ಡ್ ತಿರುಗಿಸಿ ನೋಡಿ, 'ವಿಳಾಸ ತೆಲಂಗಾಣ ಅದ, ಆ ಕಡೆ ಕೇಳ್ರಿ' ಅಂದರು. ಪದಕ್ಕೆ ಆಧಾರ್ ಕಾರ್ಡ್ ಇಲ್ಲರೀ. ಲಂಡನ್ನಿನಾಗ ಕನ್ನಡ ಹಾಡಿದರೆ ಪೇಪರಿನಾಗ ದೊಡ್ಡ ಅಕ್ಷರದಾಗ ಬರ್ತದ. ಬೀದರದಿಂದ ಬಸ್ಸಿನಾಗ ಬಂದು ಇಳಿಯುವಷ್ಟು ಹತ್ತಿರದ ಊರಾಗ ಕನ್ನಡ ಹಾಡಿದರೆ ಅದು ಯಾರ ಲೆಕ್ಕಕ್ಕೂ ಬರೋದಿಲ್ಲ.

ಫಾರಿನ್ ಅನ್ನೋ ಈ ಮಾತಿನಿಂದ ಬಡವರ ಮನಿ ಹೆಂಗ ಹಾಳಾಗ್ತದ ಅನ್ನೋದೂ ಬರೀತೀನಿ, ಎಚ್ಚರ ಇರಲಿ ಅಂತ. ಕೆಲವು ವರ್ಷದ ಹಿಂದೆ ಪಟ್ಟಣದಿಂದ ಒಬ್ಬ ಮಧ್ಯವರ್ತಿ ಬಂದಿದ್ದ. ದುಬೈಗೆ ಮೇಳ ಕಳಿಸ್ತೀನಿ ಅಂದ. ಎಲ್ಲರಿಗೂ ಒಂದೇ ಥರ ಝರಿ ಪೇಟ, ಹಳದಿ ಅಂಗಿ ಹೊಲಿಸಿಕೊಳ್ರಿ ಅಂದ. ಪದ ಐದು ನಿಮಿಷದಾಗ ಮುಗೀಬೇಕು, ಮಧ್ಯದಾಗ ಸಿಳ್ಳೆ ಬರುವಂಥಾದ್ದು ಇರಬೇಕು ಅಂದ. ಕೊನೆಗೆ ತಲೆಗೆ ಇಷ್ಟು ಅಂತ ರೊಕ್ಕ ಕೇಳಿದ. ನಾನು ಒಲ್ಲೆ ಅಂದೆ. ನಮ್ಮ ಪಕ್ಕದೂರ ದಮ್ಮಡಿ ಬಾರಿಸುವವ ಜೋಡೆತ್ತಿನ್ಯಾಗ ಒಂದು ಮಾರಿ ಕೊಟ್ಟ. ದುಬೈ ಇಲ್ಲ, ರೊಕ್ಕ ಇಲ್ಲ, ಎತ್ತೂ ಇಲ್ಲ. ಒಂಟಿ ಎತ್ತಿಗೆ ಜೋಡಿ ಹುಡುಕ್ತಾ ಎರಡು ಬಿತ್ತಿಗೆ ಕಳೆದ. ಈಗ ತಿಳಕೋರಿ. ಅಮೇರಿಕಾದಂಥ ದೇಶಕ್ಕೆ ಹಾಡಲಿಕ್ಕೆ ಹೋಗುವ ಮೇಳಕ್ಕೆ ಸಾಮಾನ್ಯವಾಗಿ ಕರೆದವರೇ ಅಲ್ಲಿಂದ ವೀಸಾಕ್ಕೆ ಅರ್ಜಿ ಹಾಕಬೇಕು. ಕರೆ ಕಳಿಸಿದವರು ಯಾರು, ಟಿಕೆಟ್ ಯಾರು ತೆಗೀತಾರ, ಹಾಡಿದ್ದಕ್ಕೆ ಏನು ಕೊಡ್ತಾರ, ಇದೆಲ್ಲ ಕಾಗದದ ಮ್ಯಾಲ ಇರಬೇಕು. ಹಾಡುವವನ ಹತ್ತಿರವೇ ರೊಕ್ಕ ಕೇಳುವವನು ಬಂದರೆ ಒಂದು ಚೆಂಬು ನೀರು ಕೊಟ್ಟು ಕಳಿಸ್ರಿ.

ಐದು ನಿಮಿಷದ ಮಾತು ಬಂತಲ್ಲ, ಅದೇ ನನಗೆ ಎಲ್ಲಕ್ಕಿಂತ ಹೆಚ್ಚು ನೋಯಿಸುವ ಸಂಗತಿ. ತತ್ವಪದಕ್ಕೆ ಕೊನೆಯ ನುಡಿ ಅಂತ ಇರ್ತದ. ಕಟ್ಟಿದವನ ಅಂಕಿತ ಇರೋದು ಅದರಾಗ. ಶರೀಫರು ಶಿಶುನಾಳಧೀಶ ಅಂತ ಇಟ್ಟರು. ಪದದ ಗಂಟು ಬಿಚ್ಚೋದೂ ಬಹಳ ಸಲ ಆ ಕೊನೆಯ ನುಡಿಯಾಗೇ. ಸ್ಟೇಜಿನ ಮ್ಯಾಲ ಹೊತ್ತು ಇಲ್ಲ ಅಂತ ಮೊದಲ ಕತ್ತರಿ ಅದಕ್ಕೇ ಬೀಳ್ತದ. ಪಲ್ಲವಿ ನಾಲ್ಕು ಸಲ ಹಾಡ್ತಾರ, ಅಂಕಿತದ ನುಡಿ ಬಿಡ್ತಾರ. ಆಮೇಲೆ ಅದನ್ನು ರೆಕಾರ್ಡ್ ಮಾಡಿ ಕೆಳಗೆ 'ಜನಪದ' ಅಂತ ಬರೀತಾರ. ಜನಪದ ಅಂದರೆ ಯಾರಪ್ಪನ ಮನಿದೂ ಅಲ್ಲ ಅಂತ ಅರ್ಥ ಮಾಡಿಕೊಂಡಾರ. ಕಟ್ಟಿದವನು ತನ್ನ ಹೆಸರು ಗೊತ್ತಾಗಲಿ ಅಂತ ಬಾಗಿಲಿಗೆ ಚೀಲಕ ಹಾಕಿದ ಹಂಗ ಅಂಕಿತ ಹಾಕಿ ಹೋಗ್ಯಾನ, ನೀವು ಬಾಗಿಲನ್ನೇ ಕಿತ್ತರೆ? ಶರೀಫಜ್ಜನಂಥವರ ಪದಕ್ಕೆ ರೊಕ್ಕ ಕೊಡಬೇಕು ಅಂತ ನಾನು ಹೇಳ್ತಿಲ್ಲ. ಕಟ್ಟಿದವರು ತೀರಿ 60 ವರ್ಷ ಆದ ಮೇಲೆ ನಮ್ಮ ದೇಶದ ಕಾಯಿದೆಯ ಪ್ರಕಾರ ಅದು ಎಲ್ಲರದೂ. ಹಾಡ್ಲಿ, ಕುಣೀಲಿ. ಹೆಸರು ಹೇಳ್ಲಿ, ಕೊನೆಯ ನುಡಿ ಹಾಡ್ಲಿ. ಬದುಕಿದ್ದವರು ಕಟ್ಟಿದ ಪದ ಮಾತ್ರ ಅವರದೇ. ಯಾವ ದಫ್ತರದಾಗ ನೋಂದಾಯಿಸದಿದ್ದರೂ ಅವರದೇ. ಪದ ಕಟ್ಟುವ ತಮ್ಮಗೋಳು, ತಂಗಿಗೋಳು ಯಾರಾದರೂ ಇದನ್ನು ಓದ್ತಿದ್ದರೆ, ಒಂದು ನೋಟುಬುಕ್ಕಿನಾಗ ಬರೆದು, ಕೆಳಗೆ ಹೆಸರು, ತಾರೀಖು ಹಾಕಿ ಇಡ್ರಿ. ನಾಳೆ ಕೇಳಲಿಕ್ಕೆ ಒಂದು ಸಾಕ್ಷಿ ಆಗ್ತದ.

ಬಂಗಾಳದ ಕಡೆ ಬಾವುಲರು ಅಂತ ಅದಾರ. ನಮ್ಮ ಹಂಗೇ ಏಕತಾರಿ ಹಿಡಿದು ತತ್ವ ಹಾಡುವವರು, ಹಿಂದೂ ಮುಸಲ್ಮಾನ ಭೇದ ಮಾಡದವರು. 1967ರಾಗ ಪೂರ್ಣದಾಸ, ಲಕ್ಷ್ಮಣದಾಸ ಅನ್ನೋ ಬಾವುಲರು ಅಮೇರಿಕಾಕ್ಕೆ ಹೋಗಿದ್ದರು. ಅಲ್ಲಿ ಬಾಬ್ ಡಿಲನ್ ಅಂತ ದೊಡ್ಡ ಪದಕಾರ. ಅವನ ಒಂದು ರೆಕಾರ್ಡಿನ ಡಬ್ಬಿಯ ಮ್ಯಾಲ ಅವನ ಆಜುಬಾಜು ಈ ಇಬ್ಬರು ನಿಂತ ಚಿತ್ರ ಅದ. ಆ ಡಿಲನ್ನಿಗೆ 2016ರಾಗ ಸಾಹಿತ್ಯದ ನೊಬೆಲ್ ಬಹುಮಾನ ಬಂತು. ಹಾಡು ಕಟ್ಟುವವನಿಗೆ! ಮಾಸ್ತರರೇ, ಇದನ್ನು ಜರಾ ಮಕ್ಕಳಿಗೆ ಹೇಳ್ರಿ. ಹಾಡು ಕಟ್ಟೋದು ಸಾಹಿತ್ಯ ಅಂತ ಹೊರದೇಶದವರು ಒಪ್ಪಿದರು. ನಮ್ಮೂರಾಗ ಅದು ಇನ್ನೂ ಕೆಲಸ ಇಲ್ಲದವರ ಕೆಲಸ.

ಹೊರದೇಶದ ಮಾನದಿಂದ, ದಿಲ್ಲಿಯ ಮಾನದಿಂದ ಮನಿಯ ಒಲೆ ಉರೀತದ ಅಂತಲೂ ತಿಳೀಬೇಡ್ರಿ. ಕೊಪ್ಪಳ ಜಿಲ್ಲೆಯ ಮೊರನಾಳದ ಭೀಮವ್ವ ಶಿಳ್ಳೇಕ್ಯಾತರ ತೊಗಲು ಗೊಂಬೆ ಹಿಡಿದು ಹತ್ತಾರು ದೇಶ ತಿರುಗಿ ಬಂದವರು. ಅವರಿಗೆ ಪದ್ಮಶ್ರೀ ಬಂದದ್ದು 2025ರಾಗ, ವಯಸ್ಸು 96 ಆದಾಗ. ನಮ್ಮ ತೆಲಂಗಾಣದ ದರ್ಶನಂ ಮೊಗಿಲಯ್ಯ ಹನ್ನೆರಡು ಮೆಟ್ಟಿನ ಕಿನ್ನರಿ ನುಡಿಸುವವರು. 2022ರಾಗ ಪದ್ಮಶ್ರೀ ಕೊಟ್ಟರು, ಸಿನಿಮಾದಾಗ ಹಾಡಿಸಿದರು. ಎರಡು ವರ್ಷ ಕಳೆದ ಮೇಲೆ ಅವರು ಹೈದರಾಬಾದ್ ಹತ್ತಿರ ಕಟ್ಟಡದ ಕೂಲಿಗೆ ಹೋಗುವ ಸುದ್ದಿ ಪೇಪರಿನಾಗ ಬಂತು. ಕೂಲಿ ಮಾಡೋದು ಅಪಮಾನ ಅಲ್ಲ. ನಾನೂ ಮಾಡೀನಿ. ಆದರೆ ಅಂಥಾ ಕಿನ್ನರಿ ಕೇಳಲಿಕ್ಕೆ ಊರಿಗೊಂದು ರಾತ್ರಿ ಬಿಡುವು ಇಲ್ಲ ಅನ್ನೋದು ನಮಗೆ ಅಪಮಾನ. ತಿಂಗಳಿಗೆ ನಾಲ್ಕು ಊರು ಕರೆದು, ಊಟ ಹಾಕಿ, ಕೈಗೆ ಇಷ್ಟು ಕೊಟ್ಟು ಕಳಿಸಿದರೆ ಒಬ್ಬ ಹಾಡುಗಾರ ಪದ್ಮಶ್ರೀ ಇಲ್ಲದೆಯೂ ಬದುಕ್ತಾನ. ಹಿಂದೆ ಹಂಗೇ ಬದುಕಿದರು. ಸುಗ್ಗಿಯಾಗ ಕಣದ ಮುಂದೆ ಬಂದು ನಿಂತರೆ ಮೊರ ತುಂಬ ಜೋಳ ಹಾಕ್ತಿದ್ದೆವು.

ಹೋಗಬಾರದು ಅಂತ ನಾನು ಎಲ್ಲೂ ಹೇಳಿಲ್ಲ, ಮತ್ತೊಮ್ಮೆ ಓದ್ರಿ. 1987ರಾಗ ಸೋವಿಯತ್ ರಷ್ಯಾದಾಗ ಭಾರತ ಉತ್ಸವ ಆದಾಗ ನಮ್ಮ ಡೊಳ್ಳಿನವರು ಮಾಸ್ಕೋ, ಲೆನಿನ್‌ಗ್ರಾಡ್, ತಾಷ್ಕೆಂಟ್ ತನಕ ಡೊಳ್ಳು ಬಾರಿಸಿ ಬಂದರು. ಅಮೇರಿಕಾದಾಗ ಇರುವ ಕನ್ನಡದವರು 2000ದಾಗ ಹ್ಯೂಸ್ಟನ್ ಊರಾಗ ಅಕ್ಕ ಸಮ್ಮೇಳನ ಶುರು ಮಾಡಿದರು. ಅಂಥಲ್ಲಿಗೂ ಇಲ್ಲಿಂದ ಹಾಡುವವರು ಹೋಗ್ತಾರ. ಹೋಗಲಿ. ದೂರ ಹೋದ ಮಗಳಿಗೆ ತವರಿನ ಪದ ಕೇಳಬೇಕು ಅನ್ನಿಸೋದು ತಪ್ಪೇನು? ಹೋಗುವ ಪದಕ್ಕೆ ಊರಾಗ ಮನಿ ಇರಬೇಕು ಅನ್ನೋದು ನನ್ನ ಮಾತು.

ಮನಿ ಇಟ್ಟುಕೊಂಡು ಹೊರಗೆ ಹೋಗಿ ಬಂದವರು ನಮ್ಮ ಪಕ್ಕದಾಗೇ ಅದಾರ. ನಮ್ಮ ಕಣ್ಣಿಗೆ ಕಾಣೋದಿಲ್ಲ ಅಷ್ಟೇ. ಜಹೀರಾಬಾದ್ ಹತ್ತಿರ ಪಸ್ತಾಪುರದಾಗ ಡೆಕ್ಕನ್ ಡೆವಲಪ್‌ಮೆಂಟ್ ಸೊಸೈಟಿ ಅಂತ ಸಂಸ್ಥೆ ಅದ. ಅದನ್ನು ಕಟ್ಟಿದವರಾಗ ಮುಖ್ಯರು ಪಿ. ವಿ. ಸತೀಶ್ ಅವರು, ಮೈಸೂರಿನ ಕನ್ನಡಿಗರು, 2023ರಾಗ ತೀರಿಕೊಂಡರು. ಅಲ್ಲಿಯ ಸಂಘದ ಹೆಣ್ಣುಮಕ್ಕಳು ಬಹಳ ಮಂದಿ ದಲಿತರು, ತುಂಡು ಭೂಮಿಯವರು, ಶಾಲೆಯ ಮೆಟ್ಟಿಲು ಹತ್ತದವರು. ನವಣೆ, ಸಾಮೆ, ಕೊರಲೆ, ಜೋಳದ ಹಳೆಯ ಬೀಜ ಕಾಯ್ದು ಇಟ್ಟವರು. ಸಂಕ್ರಾಂತಿ ಹೊತ್ತಿಗೆ ಪಾತ ಪಂಟಲ ಜಾತರ ಅಂತ ಶುರು ಮಾಡ್ತಾರ. ಎತ್ತಿನ ಬಂಡಿ ಸಿಂಗಾರ ಮಾಡಿ, ಅದರಾಗ ಬೀಜ ಇಟ್ಟು, ಹಾಡು ಹೇಳ್ತಾ ಊರೂರು ತಿರುಗ್ತಾರ. 2008ರ ಅಕ್ಟೋಬರ್ 15ಕ್ಕೆ ಮಾಚನೂರಿನಾಗ ಸಂಘಂ ರೇಡಿಯೋ ಶುರು ಆಯ್ತು. ತಾವೇ ಮೈಕ್ ಹಿಡಿದು, ತಾವೇ ರೆಕಾರ್ಡ್ ಮಾಡಿ, ತಮ್ಮ ಹಾಡು, ತಮ್ಮ ಮಾತು ಬಿತ್ತರಿಸಿದರು. ಇದೇ ಹೆಣ್ಣುಮಕ್ಕಳು ಬೀಜದ ಮಾತು ಹೇಳಲಿಕ್ಕೆ ಹೊರದೇಶಕ್ಕೂ ಹೋಗಿ ಬಂದಾರ. 2019ರಾಗ ಅವರ ಸಂಸ್ಥೆಗೆ ವಿಶ್ವಸಂಸ್ಥೆಯ ಈಕ್ವೇಟರ್ ಪ್ರಶಸ್ತಿ ಬಂತು. ಬೀಜ ಬಿತ್ತುವಾಗ ಹಾಡುವ ಹಾಡು ಬಿತ್ತುವವರ ಬಾಯಾಗೇ ಉಳೀತು. ನಮ್ಮಲ್ಲಿ ಯಾರಾದರೂ ಅವರ ಜಾತ್ರೆಗೆ ಬಂಡಿ ಕಟ್ಟಿಕೊಂಡು ಹೋಗೀವಾ? ಅದು ತೆಲುಗು, ಅದು ಹೆಣ್ಣುಮಕ್ಕಳದು, ಅದು ಆ ಕೇರಿಯವರದು ಅಂತ ಮನಿಯಾಗ ಕೂತೀವಿ. ಇದನ್ನು ಬರೆದರೆ ಕೆಲವರಿಗೆ ಕಹಿ ಅನ್ನಿಸ್ತದ. ಅನ್ನಿಸ್ಲಿ.

ಗುರುಗಳೇ, ಅಕ್ಕೋರೇ, ಕೊನೆಗೆ ನಿಮ್ಮ ಕೂಡ ಎರಡು ಮಾತು. ನೀವು ಮಕ್ಕಳಿಗೆ ಸ್ವಾತಂತ್ರ್ಯ ದಿನಕ್ಕೆ ಸಿನಿಮಾ ಹಾಡಿಗೆ ಕುಣಿಸ್ತೀರಿ. ಬೇಡ ಅನ್ನೋದಿಲ್ಲ, ಮಕ್ಕಳಿಗೆ ಖುಷಿ. ಅದರ ಜೊತಿಗೆ ಒಂದು ಪದ, ಒಂದೇ ಒಂದು, ಅವರ ಅಜ್ಜಿಯ ಬಾಯಿಂದ ಬರೆದುಕೊಂಡು ಬಾ ಅಂತ ಹೇಳ್ರಿ. ಕನ್ನಡ ಓದಲಿಕ್ಕೆ ಬರದ ಮಗು ತೆಲುಗು ಅಕ್ಷರದಾಗೇ ಬರೀಲಿ. ಪದ ಲಿಪಿ ನೋಡೋದಿಲ್ಲ. ನಿಮ್ಮ ಶಾಲೆಯಾಗ 50 ಮಕ್ಕಳಿದ್ದರೆ ವರ್ಷಕ್ಕೆ 50 ಪದ ಆಗ್ತಾವ. ಅಜ್ಜಿಗಳು ಕಾಯೋದಿಲ್ಲ. ಹೋದ ಮಳೆಗಾಲದಿಂದ ಈ ಮಳೆಗಾಲದ ಒಳಗೆ ನಮ್ಮ ಓಣಿಯಾಗೇ ಬುಲಾಯಿ ಪದ ಬಲ್ಲ ಇಬ್ಬರು ಹೋದರು. ಅವರು ಏನೇನು ಬಲ್ಲವರಿದ್ದರು ಅಂತ ಈಗ ಯಾರನ್ನು ಕೇಳೋದು?

ನನ್ನ ಹತ್ತಿರ ಮೂರು ನೋಟುಬುಕ್ಕು ಅವ. ಎರಡರಾಗ ಹಿರಿಯರಿಂದ ಕೇಳಿ ಬರೆದ ಪದ, ಒಂದರಾಗ ನಾನು ಕಟ್ಟಿದ್ದು. ಗೆದ್ದಲು ಒಂದರ ಅಂಚು ತಿಂದದ. ವಾಚನಾಲಯದಾಗ ಕೊಡ್ತೀನಿ, ಯಾರಾದರೂ ಚಂದ ಅಕ್ಷರದವರು ನಕಲು ತೆಗೀರಿ. ಅಮಾಸಿ ರಾತ್ರಿ ಹನುಮಂತ ದೇವರ ಕಟ್ಟೆಯ ಮ್ಯಾಲ ಕೂಡ್ತೀವಿ. ಈಗ ನಾವು ನಾಲ್ಕೇ ಮಂದಿ, ತಾಳ ಹಾಕುವವನಿಗೆ ಕೆಮ್ಮು. ಬರುವ ಎಳ್ಳಮಾಸಿಗೆ ನಮ್ಮ ಹೊಲದಾಗ ಊಟ ಆದ ಮೇಲೆ ಪದ ಅದ, ಯಾವ ಓಣಿಯವರಾದರೂ ಬರ್ರಿ, ಯಾವ ಭಾಷೆದಾದರೂ ಹಾಡ್ರಿ. ಪೇಟಿ ರಿಪೇರಿ ಮಾಡಿಸೀನಿ. ದಮ್ಮಡಿಗೆ ಚರ್ಮ ಹಾಕಿಸೋದು ಇನ್ನೂ ಬಾಕಿ ಅದ, ಅದರ ಪಟ್ಟಿಗೆ ಈ ವಾರ ಮನಿಮನಿಗೆ ಬರ್ತೀನಿ. 20 ರೂಪಾಯಿ ತೆಗೆದಿಡ್ರಿ, ನಾಳೆ ಬಾ ಅನ್ನಬ್ಯಾಡ್ರಿ.